ಒಂದೇ ಚುನಾವಣೆ ಕಂಡ ಯಾದಗಿರಿ ಲೋಕಸಭೆ: ಹಳೆಯ ಕ್ಷೇತ್ರದ ಜಾತಕ ತೆಗೆಯುವುದು ಹೇಗೆ?

ಯಾದಗಿರಿಗೂ ಒಮ್ಮೆ ತನ್ನದೇ ಲೋಕಸಭಾ ಕ್ಷೇತ್ರ ಇತ್ತು ಅಂದರೆ ಈಗಿನ ಹುಡುಗರು ನಂಬುವುದಿಲ್ಲ. ಇತ್ತು, ಅದೂ ಒಂದೇ ಚುನಾವಣೆಗೆ. ಇಂಥ ಕ್ಷೇತ್ರದ ಚರಿತ್ರೆ ಹುಡುಕಲು ಒಂದು ನೋಟ್‌ಬುಕ್, ಸ್ವಲ್ಪ ತಾಳ್ಮೆ ಸಾಕು.

ಮೊದಲು ರಾಜ್ಯದ ಹೆಸರು ಸರಿ ಮಾಡಿಕೊಳ್ಳಿ. ಜಾಸ್ತಿ ಜನ ಎಡವುವುದು ಇಲ್ಲೇ. ಮೊದಲ ಚುನಾವಣೆ ಹೊತ್ತಿಗೆ ನಾವು ಮೈಸೂರಿನವರಲ್ಲ, ಹೈದರಾಬಾದ್ ರಾಜ್ಯದವರು. ಯಾದಗಿರಿ ಆಗ ಗುಲ್ಬರ್ಗಾ ಜಿಲ್ಲೆಯ ತಾಲ್ಲೂಕು. ಚುನಾವಣಾ ಆಯೋಗದ ವೆಬ್‌ಸೈಟಿನಲ್ಲಿ 1951ರ ವರದಿ ತೆಗೆದು ಹೈದರಾಬಾದ್ ಪಟ್ಟಿಗೆ ಹೋಗಿ. 1952 ಅಂತ ಹುಡುಕಿದರೆ ಸುಮ್ನೆ ಸುತ್ತಾಡಬೇಕಾಗುತ್ತದೆ. ಹಾಗೇ ಕಲಬುರಗಿ ಅಂತ ಹುಡುಕಬೇಡಿ. ಹಳೆಯ ಕಾಗದದಲ್ಲೆಲ್ಲ ಗುಲ್ಬರ್ಗಾ.

ಆ ಪಟ್ಟಿಯಲ್ಲಿ 21 ಕ್ಷೇತ್ರ, 25 ಸದಸ್ಯರು. ಯಾದಗಿರಿಯಿಂದ ಕಾಂಗ್ರೆಸ್‌ನ ಕೃಷ್ಣಾಚಾರ್ಯ ಜೋಶಿ, ಗುಲ್ಬರ್ಗಾದಿಂದ ಸ್ವಾಮಿ ರಮಾನಂದ ತೀರ್ಥ, ಬೀದರ್‌ನಿಂದ ಶೌಕತುಲ್ಲಾ ಷಾ ಅನ್ಸಾರಿ. ಮೂರೂ ಏಕಸದಸ್ಯ ಕ್ಷೇತ್ರಗಳು. ಹಾಗಾದರೆ ಉಳಿದ ನಾಲ್ಕು ಸೀಟು ಎಲ್ಲಿಂದ ಬಂದವು? ಕರೀಂನಗರ, ನಲ್ಗೊಂಡದಂಥ ನಾಲ್ಕು ಕ್ಷೇತ್ರಗಳಿಗೆ ಇಬ್ಬಿಬ್ಬರು ಸದಸ್ಯರು.

ಈಗ 1957ರ ವರದಿ ತೆಗೆಯಿರಿ. ಅದಕ್ಕೂ ಮುಂಚೆ, 1956ರ ನವೆಂಬರ್ 1ರಂದು ಹೈದರಾಬಾದ್ ರಾಜ್ಯವೇ ಒಡೆದು ನಾವು ಮೈಸೂರಿಗೆ ಸೇರಿದ್ದೆವು. ಹಾಗಾಗಿ ಈ ಸಲ ಮೈಸೂರಿನ ಪಟ್ಟಿ ನೋಡಬೇಕು. ಯಾದಗಿರಿ ಇಲ್ಲ. ಬೀದರ್ ಕೂಡ ಇಲ್ಲ! ಗುಲ್ಬರ್ಗಾದ ಮುಂದೆ ಮಾತ್ರ ಎರಡು ಹೆಸರು: ಮಹಾದೇವಪ್ಪ ರಾಂಪುರೆ, ಶಂಕರ ದೇವ. ಉಪಚುನಾವಣೆ ಆಗಿರಬೇಕು ಅಂತ ಬರೆದುಕೊಂಡೀರಿ, ಜೋಕೆ. ಅದು ದ್ವಿಸದಸ್ಯ ಕ್ಷೇತ್ರ. ಇಬ್ಬರೂ ಒಟ್ಟಿಗೇ ಗೆದ್ದವರು. 1961ರ ಕಾಯ್ದೆಯಿಂದ ಈ ಪದ್ಧತಿ ಹೋಯಿತು, 1962ರಲ್ಲಿ ಬೀದರ್ ಮೀಸಲು ಕ್ಷೇತ್ರವಾಗಿ ವಾಪಸ್ ಬಂತು. ಯಾದಗಿರಿ ಬರಲಿಲ್ಲ.

1980ರಲ್ಲೂ ಗುಲ್ಬರ್ಗಾಕ್ಕೆ ಎರಡು ಹೆಸರು ಸಿಗುತ್ತವೆ. ಅದು ನಿಜಕ್ಕೂ ಉಪಚುನಾವಣೆಯೇ: ಗೆದ್ದ ಧರ್ಮಸಿಂಗ್ ರಾಜೀನಾಮೆ ಕೊಟ್ಟರು, ಸಿ.ಎಂ. ಸ್ಟೀಫನ್ ಬಂದರು. ಎರಡು ಹೆಸರು ಕಂಡಲ್ಲೆಲ್ಲ ಪಕ್ಕದಲ್ಲಿ ಕಾರಣ ಬರೆದಿಡಿ.

ಆಮೇಲೆ ಗಡಿ. ಇದಕ್ಕೆ ಕ್ಷೇತ್ರ ಪುನರ್ವಿಂಗಡಣೆ ಆದೇಶಗಳನ್ನೇ ಓದಬೇಕು, ಬೇಜಾರಿನ ಕೆಲಸ. ಈಗಿನ ಲೆಕ್ಕ ಮಾತ್ರ ಸುಲಭ: ಯಾದಗಿರಿ ಜಿಲ್ಲೆಯ ನಾಲ್ಕು ವಿಧಾನಸಭಾ ಕ್ಷೇತ್ರಗಳಲ್ಲಿ ಗುರುಮಠಕಲ್ ಗುಲ್ಬರ್ಗಾಕ್ಕೆ, ಯಾದಗಿರಿ, ಶಹಾಪುರ, ಸುರಪುರ ರಾಯಚೂರಿಗೆ.

ಕೊನೆಗೆ ಮನೆಯ ಹಿರಿಯರನ್ನು ಕೇಳಿ. ಆಗ ಮತದಾನಕ್ಕೆ 21 ತುಂಬಿರಬೇಕಿತ್ತು, ಹಾಗಾಗಿ ಅಂದು ಓಟು ಹಾಕಿದವರು ಸಿಗುವುದು ಕಷ್ಟ. ಅವರ ಜೊತೆ ಹೋಗಿ ಹೊರಗೆ ನಿಂತಿದ್ದ ಮಕ್ಕಳು ಸಿಕ್ಕಾರು. "ಯಾರು ಗೆದ್ದರು ಅಜ್ಜಾ?" ಅಂತ ಶುರು ಮಾಡಬೇಡಿ, ಡಬ್ಬಿ ಬಗ್ಗೆ ಕೇಳಿ. ಒಬ್ಬೊಬ್ಬ ಅಭ್ಯರ್ಥಿಗೆ ಒಂದೊಂದು ಡಬ್ಬಿ, ಮೇಲೆ ಚಿಹ್ನೆ. ಚೀಟಿಗೆ ಮುದ್ರೆ ಒತ್ತುವಂತಿರಲಿಲ್ಲ, ಬೇಕಾದ ಡಬ್ಬಿಗೆ ಹಾಕಿದರೆ ಆಯಿತು. ಜೋಡೆತ್ತಿನ ಡಬ್ಬಿ ಅಂದರೆ ಕಾಂಗ್ರೆಸ್‌ದು. ಆ ಮಾತು ಎತ್ತಿ ನೋಡಿ, ಉಳಿದದ್ದನ್ನು ಅಜ್ಜನೇ ಹೇಳುತ್ತಾನೆ.