ಫರಸಿ ಅಂಗಳದಲ್ಲಿ ಕಾರಿನ ಹೆಡ್‌ಲೈಟ್ ಸರಿಪಡಿಸಿದ್ದು

ಲೋ ಬೀಮ್‌ನಲ್ಲೇ ಹೋಗುತ್ತಿದ್ದರೂ ಎದುರಿನ ಲಾರಿಯವರು ಒಬ್ಬರಾದ ಮೇಲೊಬ್ಬರು ಡಿಪ್ಪರ್ ಹೊಡೆಯತೊಡಗಿದರೆ ದೋಷ ನಮ್ಮ ಹೆಡ್‌ಲೈಟಿನಲ್ಲೇ ಇದೆ ಎಂದು ತಿಳಿಯಬೇಕು. ನನ್ನ ಕಾರಿಗೆ ಈ ರೋಗ ಅಂಟಿದ್ದು ಮುಂದಿನ ಬಂಪರ್ ದುರಸ್ತಿಯಾಗಿ ಬಂದ ಮೇಲೆ. ಬಲಗಡೆಯ ದೀಪವನ್ನು ಗ್ಯಾರೇಜಿನಲ್ಲಿ ಬಿಚ್ಚಿ ಮತ್ತೆ ಕೂರಿಸಿದ್ದರು. ಬಣ್ಣ ಚೆನ್ನಾಗಿಯೇ ಹೊಂದಿತ್ತು. ಬೆಳಕು ಮಾತ್ರ ಬೇವಿನ ಮರದ ತುದಿ ನೋಡುತ್ತಿತ್ತು.

ನಾನು ಕಲಬುರಗಿಯಿಂದ ಜೇವರ್ಗಿ ಕಡೆಗೆ ಕೆಲಸಕ್ಕೆ ಹೋಗಿ ಬರುವವನು. ಚಳಿಗಾಲದಲ್ಲಿ ಮರಳುವ ಹೊತ್ತಿಗೆ ಕತ್ತಲಾಗಿರುತ್ತದೆ. ಅದೇ ತೊಗರಿ ರಾಶಿಯ ಕಾಲ, ಅದೇ ಕಬ್ಬಿನ ಕಾಲ. ಭೀಮಾ ನದಿಯ ಕಟ್ಟಿಸಂಗಾವಿ ಸೇತುವೆಯ ಆಚೆಗೂ ಈಚೆಗೂ ಮೂಟೆ ಹೇರಿದ ಟ್ರ್ಯಾಕ್ಟರುಗಳು ರಸ್ತೆಯ ಎಡಬದಿಯಲ್ಲಿ ಸಾಗುತ್ತಿರುತ್ತವೆ. ಎಷ್ಟೋ ಟ್ರೇಲರುಗಳ ಹಿಂದೆ ಒಂದು ಕೆಂಪು ದೀಪವೂ ಇರುವುದಿಲ್ಲ, ಹೊಳೆಯುವ ಪಟ್ಟಿಯೂ ಇರುವುದಿಲ್ಲ. ಅವು ಕಾಣಬೇಕೆಂದರೆ ನಮ್ಮ ಬೆಳಕು ಎಡಕ್ಕೆ ದೂರ ಬೀಳಬೇಕು, ಬಲಕ್ಕೆ ತಗ್ಗಿರಬೇಕು. ನನ್ನ ಕಾರಿನಲ್ಲಿ ಇದು ತಿರುಗುಮುರುಗಾಗಿತ್ತು.

ಸ್ನೇಹಿತರ ಸಲಹೆ ಒಂದೇ: "ಎಲ್‌ಇಡಿ ಹಾಕಿಸಿಬಿಡಿ ಸರ್, ಹಗಲಾದ ಹಾಗೆ ಕಾಣುತ್ತದೆ." ಹಾಕಿಸಲಿಲ್ಲ. ನನ್ನ ಕಾರಿನಲ್ಲಿರುವುದು ಹೆಚ್-4 ಹ್ಯಾಲೊಜನ್ ಬಲ್ಬ್. ಅದರೊಳಗೆ ಕಾದು ಬೆಳಗುವ ಎರಡು ತಂತಿಗಳು: ಹೈ ಬೀಮ್‌ಗೆ 60 ವ್ಯಾಟ್, ಲೋ ಬೀಮ್‌ಗೆ 55 ವ್ಯಾಟ್. ಲೋ ಬೀಮ್ ತಂತಿಯ ಕೆಳಗೆ ಲೋಹದ ಒಂದು ಪುಟ್ಟ ಬಟ್ಟಲಿದೆ. ಅದು ಬಲ್ಬಿನ ಸುತ್ತಲಿನ ಕನ್ನಡಿಯಂಥ ಪ್ರತಿಫಲಕದ ಕೆಳಭಾಗಕ್ಕೆ ಬೆಳಕು ತಾಗದಂತೆ ತಡೆಯುತ್ತದೆ. ಕಾರನ್ನು ಗೋಡೆಗೆ ಮುಖ ಮಾಡಿ ದೀಪ ಹಚ್ಚಿದಾಗ ಕಾಣುವ ಬೆಳಕು-ಕತ್ತಲಿನ ಗೆರೆ ಹುಟ್ಟುವುದೇ ಆ ಬಟ್ಟಲಿನ ಅಂಚಿನಿಂದ. ಪ್ರತಿಫಲಕವನ್ನು ರೂಪಿಸಿರುವುದು ತಂತಿ ಇಂಥಲ್ಲೇ ಇರುತ್ತದೆ ಎಂಬ ಲೆಕ್ಕದ ಮೇಲೆ. ಎಲ್‌ಇಡಿಯ ಹೊಳೆಯುವ ಭಾಗ ಆ ಜಾಗದಿಂದ ಕೂದಲೆಳೆಯಷ್ಟು ಸರಿದಿದ್ದರೂ ಗೆರೆ ಕದಡುತ್ತದೆ, ಬೆಳಕು ಮೇಲಕ್ಕೆ ಚೆಲ್ಲುತ್ತದೆ. ಹಾಗೆ ಚೆಲ್ಲಿದ್ದು ನಮ್ಮ ಕಡೆಯ ಧೂಳಿಗೆ ತಾಗಿ ಮರಳಿ ನಮ್ಮ ಕಣ್ಣಿಗೇ ಬರುತ್ತದೆ. ಹೆಚ್ಚು ಬೆಳಕು ಬೇಕೆಂದು ದುಡ್ಡು ಕೊಟ್ಟು ಮಬ್ಬು ಕೊಂಡಂತಾಗುತ್ತದೆ.

ಗೋಡೆಯ ಮೇಲೆ ಆ ಗೆರೆ ಹೇಗಿರಬೇಕೆಂಬುದನ್ನು ಮೊದಲು ಹೇಳಿಬಿಡುತ್ತೇನೆ. ನಮ್ಮ ದೇಶದಲ್ಲಿ ವಾಹನಗಳು ಎಡಬದಿಯಲ್ಲಿ ಸಾಗುವುದರಿಂದ ಗೆರೆಯ ಬಲ ಅರ್ಧ ಸಮತಟ್ಟಾಗಿರುತ್ತದೆ. ಎಡ ಅರ್ಧ ನಡುವಿನಿಂದ ಸುಮಾರು 15 ಡಿಗ್ರಿ ಮೇಲಕ್ಕೇರುತ್ತದೆ. ಬಲದ ಸಮತಟ್ಟು ಎದುರು ಬರುವವರ ಕಣ್ಣು ಕಾಯುವುದಕ್ಕೆ, ಎಡದ ಏರು ರಸ್ತೆಬದಿಯ ಟ್ರೇಲರು, ಎಮ್ಮೆ, ಸೈಕಲ್ಲು ತೋರಿಸುವುದಕ್ಕೆ. ಗೆರೆ ಎಷ್ಟು ತಗ್ಗಿರಬೇಕೆಂಬುದನ್ನು ಬಾನೆಟ್ ಎತ್ತಿದಾಗ ದೀಪದ ಮೇಲೋ ಪಕ್ಕದ ಚೀಟಿಯಲ್ಲೋ ಶೇಕಡಾ ಲೆಕ್ಕದಲ್ಲಿ ಅಚ್ಚು ಹಾಕಿರುತ್ತಾರೆ. ನನ್ನದರಲ್ಲಿ 1 ಎಂದಿತ್ತು. ಅಂದರೆ ದೀಪದಿಂದ 5 ಮೀಟರ್ ದೂರದ ಗೋಡೆಯ ಮೇಲೆ ದೀಪದ ನಡುಬಿಂದುವಿಗಿಂತ 5 ಸೆಂಟಿಮೀಟರ್ ಕೆಳಗೆ.

ಈ ಐದು ಸೆಂಟಿಮೀಟರಿನ ಬೆಲೆಯನ್ನು ಲೆಕ್ಕ ಹಾಕಿ ನೋಡಬೇಕು. ನನ್ನ ಕಾರಿನ ದೀಪದ ನಡುಬಿಂದು ನೆಲದಿಂದ 66 ಸೆಂಟಿಮೀಟರ್ ಎತ್ತರದಲ್ಲಿದೆ. ಶೇಕಡಾ ಒಂದರಷ್ಟು ತಗ್ಗಿದ ಬೆಳಕು 66 ಮೀಟರ್ ದೂರದಲ್ಲಿ ನೆಲ ಮುಟ್ಟುತ್ತದೆ. ತಗ್ಗುವ ಬದಲು ಅಷ್ಟೇ ಮೇಲೆದ್ದರೆ? 50 ಮೀಟರ್ ದೂರದಲ್ಲಿ ಗೆರೆ 116 ಸೆಂಟಿಮೀಟರ್ ಎತ್ತರಕ್ಕೆ ಹೋಗಿರುತ್ತದೆ. ಸಾಮಾನ್ಯ ಕಾರು ನಡೆಸುವವನ ಕಣ್ಣು ಇರುವುದೇ ಆಸುಪಾಸಿನ ಎತ್ತರದಲ್ಲಿ. ದೀಪದ ದಿಕ್ಕು ಹೊಂದಿಸುವ ಸ್ಕ್ರೂ ಕೆಲವು ಸುತ್ತು ತಿರುಗಿದರೆ ಸಾಕು, ಎದುರಿನವನು ಕುರುಡ.

ಇಷ್ಟು ಸಣ್ಣ ಅಳತೆಯ ಕೆಲಸಕ್ಕೆ ನೆಲ ಮಟ್ಟವಾಗಿರಬೇಕು ಎಂದು ಎಲ್ಲರೂ ಹೇಳುತ್ತಾರೆ. ಮಟ್ಟವಾದ ಅಂಗಳ ಯಾರ ಮನೆಯಲ್ಲಿದೆ? ನಮ್ಮದು ಹಳೆಯ ಮನೆ, ಉದ್ದನೆಯ ಅಂಗಳ, ತುಂಬ ಶಹಾಬಾದ್ ಫರಸಿ, ಅಂದರೆ ಹಾಸುಗಲ್ಲು. ಮಳೆನೀರು ಗೇಟಿನ ಕಡೆ ಹರಿದುಹೋಗಲೆಂದು ಇಳುಕಲು ಕೊಟ್ಟೇ ಫರಸಿ ಹಾಸಿದ್ದಾರೆ. ಕಣ್ಣಿಗೆ ಏನೂ ಕಾಣದು. ಆದರೆ ನೀರು ಹರಿಯಲು ಕೊಡುವ ಇಳುಕಲೂ ನಾವು ದೀಪಕ್ಕೆ ಕೊಡಬೇಕಾದ ತಗ್ಗೂ ಹೆಚ್ಚುಕಡಿಮೆ ಒಂದೇ ಅಳತೆಯವು. ನೆಲದ ಇಳುಕಲನ್ನು ಲೆಕ್ಕಕ್ಕೆ ತೆಗೆದುಕೊಳ್ಳದೆ ಸ್ಕ್ರೂ ತಿರುಗಿಸುವುದು ವ್ಯರ್ಥ ಕೆಲಸ.

ನಮ್ಮ ಓಣಿಯಲ್ಲಿ ಒಬ್ಬ ಹಿರಿಯ ಗೌಂಡಿ ಇದ್ದಾರೆ. "ಕಾಕಾ, ನಿಮ್ಮ ಲೆವೆಲ್ ಪೈಪ್ ಒಂದು ಸಂಜೆ ಕೊಡುತ್ತೀರಾ?" ಎಂದು ಕೇಳಿದೆ. "ಮನೆ ಕಟ್ಟುತ್ತೀರೇನು ಮಾಸ್ತರರೇ?" ಎಂದರು. ಕಾರಿನ ದೀಪಕ್ಕೆ ಎಂದಾಗ ನಕ್ಕು, ಪೈಪಿನ ಜೊತೆ ತಾವೂ ಬಂದರು. ಕಟ್ಟಡದವರ ಈ ಸಾಧನಕ್ಕೆ ನನ್ನ ಮೆಚ್ಚುಗೆ ಮೊದಲಿನಿಂದಲೂ ಇದೆ: ನೀರು ತುಂಬಿದ ಪಾರದರ್ಶಕ ಪೈಪು, ಅಷ್ಟೇ. ಒಳಗೆ ಗಾಳಿಯ ಗುಳ್ಳೆ ಇರಬಾರದು. ಎರಡೂ ತುದಿಯಲ್ಲಿ ನೀರು ನಿಲ್ಲುವ ಎತ್ತರ ಯಾವತ್ತೂ ಒಂದೇ.

ಕಾರನ್ನು ಮನೆಯ ಪಕ್ಕದ ಖಾಲಿ ಗೋಡೆಗೆ ಮುಖ ಮಾಡಿ, ದೀಪದಿಂದ ಗೋಡೆಗೆ 5 ಮೀಟರ್ ಇರುವಂತೆ ನಿಲ್ಲಿಸಿದೆ. ಫರಸಿಯ ಸಂದುಗಳು ಇಲ್ಲಿ ಉಪಕಾರಕ್ಕೆ ಬಂದವು. ಗೋಡೆಗೆ ನೇರವಾಗಿ ಬರುವ ಒಂದು ಸಂದಿಗೆ ಸಮನಾಗಿ ಎರಡೂ ಎಡ ಚಕ್ರಗಳನ್ನು ತಂದರೆ ಕಾರು ಗೋಡೆಗೆ ನೆಟ್ಟಗಿದೆ ಎಂದರ್ಥ. ಆಮೇಲೆ ಕಾಕಾ ಪೈಪು ಹಿಡಿದು ಮುಂದಿನ ಚಕ್ರದ ಬಳಿಯ ನೆಲವನ್ನೂ ಹಿಂದಿನ ಚಕ್ರದ ಬಳಿಯ ನೆಲವನ್ನೂ ಅಳೆದರು. ಮುಂದಿನದು 1.2 ಸೆಂಟಿಮೀಟರ್ ಎತ್ತರದಲ್ಲಿತ್ತು. ಎರಡು ಚಕ್ರಗಳ ನಡುವಿನ ಅಂತರ 2.4 ಮೀಟರ್. ಅಂದರೆ ಕಾರು ಶೇಕಡಾ ಅರ್ಧದಷ್ಟು ಮೂಗು ಎತ್ತಿ ನಿಂತಿದೆ. 5 ಮೀಟರ್ ದೂರದ ಗೋಡೆಯ ಮೇಲೆ ಅದು 2.5 ಸೆಂಟಿಮೀಟರ್ ಆಗುತ್ತದೆ.

ಉಳಿದದ್ದು ಕೂಡು-ಕಳೆ. ದೀಪದ ಗಾಜಿನ ನಡುವೆ ಸಣ್ಣ ಚುಕ್ಕೆಯ ಗುರುತಿರುತ್ತದೆ. ಅದರ ಎತ್ತರವನ್ನು ಪೈಪಿನಿಂದಲೇ ಗೋಡೆಗೆ ಒಯ್ದು ಚಾಕ್‌ಪೀಸಿನಿಂದ ಗೆರೆ ಎಳೆದೆವು. ಕಾರು ಮೂಗು ಎತ್ತಿರುವುದರಿಂದ ಅದಕ್ಕೆ 2.5 ಸೇರಿಸಬೇಕು, ಬೇಕಾದ ತಗ್ಗಿಗಾಗಿ 5 ಕಳೆಯಬೇಕು. ಹಾಗಾಗಿ ಅಂತಿಮ ಗೆರೆ ನೀರಿನ ಮಟ್ಟಕ್ಕಿಂತ 2.5 ಸೆಂಟಿಮೀಟರ್ ಮಾತ್ರ ಕೆಳಗೆ ಬಂತು. ನೆಲದ ಲೆಕ್ಕ ಬಿಟ್ಟು ಕುರುಡಾಗಿ 5 ಕಳೆದಿದ್ದರೆ ಬೆಳಕು 66 ಮೀಟರಿನ ಬದಲು 44ಕ್ಕೇ ನೆಲ ಕಚ್ಚುತ್ತಿತ್ತು. ಕಾರನ್ನು ಗೋಡೆಗೆ ತಾಗುವಷ್ಟು ಹತ್ತಿರ ಒಯ್ದು ಗುರುತು ಹಾಕಿ ಹಿಂದಕ್ಕೆ ತರುವ ಸುಲಭ ದಾರಿಯೂ ಇದೆ. ನೆಲದ ಇಳುಕಲು ಗೋಡೆಯ ಬುಡದವರೆಗೂ ಒಂದೇ ಸಮನಾಗಿದ್ದರೆ ಅದು ಸರಿಯಾಗಿಯೇ ಬರುತ್ತದೆ. ನಮ್ಮ ಗೋಡೆಯ ಬುಡದಲ್ಲಿ ಫರಸಿ ತುಸು ಉಬ್ಬಿದೆ, ಆದ್ದರಿಂದ ನಾನು ನಂಬಲಿಲ್ಲ.

ಪ್ರತಿ ದೀಪದ ನೇರಕ್ಕೆ ಗೋಡೆಯ ಮೇಲೆ ಒಂದೊಂದು ನಿಲುಗೆರೆಯನ್ನೂ ಎಳೆದೆ. ಬೆಳಕಿನ ಗೆರೆ ಎಡಕ್ಕೆ ಏರತೊಡಗುವ ಮೊಣಕೈ ಈ ನಿಲುಗೆರೆಯ ಮೇಲೆ ಕೂರಬೇಕು.

ಇದಕ್ಕೂ ಮೊದಲು ಕಾರನ್ನು ಸಿದ್ಧಮಾಡಿದ್ದನ್ನು ಹೇಳಬೇಕಿತ್ತು. ನಾಲ್ಕೂ ಚಕ್ರಗಳಿಗೆ, ಚಾಲಕನ ಬಾಗಿಲ ಬಳಿಯ ಚೀಟಿಯಲ್ಲಿರುವಷ್ಟು ಗಾಳಿ. ಟ್ಯಾಂಕ್ ಅರ್ಧ. ಡಿಕ್ಕಿ ಖಾಲಿ. ಚಾಲಕನ ಸೀಟಿನಲ್ಲಿ ಒಬ್ಬರು ಕೂತಿರಬೇಕು. ಮಗ ಮೊಬೈಲ್ ಹಿಡಿದು ಸಂತೋಷದಿಂದ ಒಪ್ಪಿಕೊಂಡ. ಅವನ ತೂಕ ನನ್ನದಕ್ಕಿಂತ ಕಡಿಮೆ ಎಂದು ಕಾಲ ಬಳಿ ಒಂದು ಅಕ್ಕಿಚೀಲವನ್ನೂ ಇರಿಸಿದೆ. ಕಾರಿನ ಮೂಲೆಗಳನ್ನು ಒತ್ತಿ ಒತ್ತಿ ಬಿಟ್ಟರೆ ಸ್ಪ್ರಿಂಗುಗಳು ತಮ್ಮ ಸಹಜ ಮಟ್ಟಕ್ಕೆ ಬರುತ್ತವೆ. ಡ್ಯಾಶ್‌ಬೋರ್ಡಿನಲ್ಲಿ ಬೆಳಕನ್ನು ತಗ್ಗಿಸುವ, ಸೊನ್ನೆಯಿಂದ ಶುರುವಾಗುವ ಅಂಕಿಗಳ ಒಂದು ಚಿಕ್ಕ ಚಕ್ರವಿರುತ್ತದೆ. ಹೆಚ್ಚಿನವರು ಅದನ್ನು ಮುಟ್ಟಿಯೇ ಇರುವುದಿಲ್ಲ. ಅದು ಸೊನ್ನೆಯಲ್ಲಿರಲೇಬೇಕು.

ಸಂಜೆ ಮಬ್ಬಾದ ಮೇಲೆ ಲೋ ಬೀಮ್ ಹಚ್ಚಿದೆವು. ಒಂದು ದೀಪ ನೋಡುವಾಗ ಇನ್ನೊಂದರ ಮುಂದೆ ರಟ್ಟು ಹಿಡಿಯಬೇಕು. ಗಾಜಿನ ಮೇಲೆ ಬಟ್ಟೆ ಹೊದಿಸಿ ಬಿಡಬಾರದು, ಹ್ಯಾಲೊಜನ್ ಬಿಸಿಗೆ ಪ್ಲಾಸ್ಟಿಕ್ ಕೆಡುತ್ತದೆ. ಎಡದ ದೀಪದ ಗೆರೆ ಚೊಕ್ಕವಾಗಿತ್ತು, ಬೇಕಾದುದಕ್ಕಿಂತ ಒಂದು ಬೆರಳು ಕೆಳಗಿತ್ತು. ಬಲದ್ದರಲ್ಲಿ ಗೆರೆಯೇ ಇರಲಿಲ್ಲ, ಬರಿಯ ಹರಡಿದ ಬೆಳಕು. ಗೆರೆ ಕಾಣದಿದ್ದರೆ ಸ್ಕ್ರೂ ಮುಟ್ಟಲು ಹೋಗಬಾರದು, ಮೊದಲು ಬಲ್ಬ್ ನೋಡಬೇಕು. ದೀಪ ಆರಿಸಿ, ತಣ್ಣಗಾದ ಮೇಲೆ ಹಿಂದಿನ ರಬ್ಬರ್ ಮುಚ್ಚಳ ತೆಗೆದು ನೋಡಿದರೆ ಬಲ್ಬನ್ನು ಹಿಡಿದಿಡುವ ತಂತಿಯ ಕ್ಲಿಪ್ ಒಂದೇ ಕಡೆ ಸಿಕ್ಕಿಕೊಂಡಿತ್ತು. ಹೆಚ್-4 ಬಲ್ಬಿನ ಬಳೆಗೆ ಮೂರು ಕಿವಿಗಳಿವೆ, ಅವುಗಳಲ್ಲಿ ಒಂದು ಅಗಲ. ಮೂರೂ ತಮ್ಮ ತಮ್ಮ ಕಚ್ಚಿನಲ್ಲಿ ಕೂತರೆ ಮಾತ್ರ ಬಲ್ಬ್ ನೆಟ್ಟಗಿರುತ್ತದೆ. ಗಾಜನ್ನು ಬರಿಗೈಯಲ್ಲಿ ಮುಟ್ಟದೆ ಅದನ್ನು ಸರಿಯಾಗಿ ಕೂರಿಸಿ ಕ್ಲಿಪ್ ಹಾಕಿದೆ. ಬೆರಳಿನ ಜಿಡ್ಡು ಉಳಿದರೆ ಆ ಜಾಗ ಅತಿಯಾಗಿ ಕಾದು ಬಲ್ಬ್ ಬೇಗ ಹೋಗುತ್ತದೆ.

ಮತ್ತೆ ಹಚ್ಚಿದಾಗ ಗೋಡೆಯ ಮೇಲೆ ಗೆರೆ ಮೂಡಿತು. ಆದರೆ ನಮ್ಮ ಗುರುತಿಗಿಂತ ಹತ್ತು ಸೆಂಟಿಮೀಟರ್ ಮೇಲೆ! "ಇದು ಆಕಾಶಬುಟ್ಟಿ ಇದ್ದಂಗಿದೆ" ಎಂದರು ಕಾಕಾ.

ದೀಪದ ಹಿಂಭಾಗದಲ್ಲಿ, ಬಾನೆಟ್ ಎತ್ತಿದರೆ ಮೇಲಿನಿಂದಲೇ ಸ್ಕ್ರೂಡ್ರೈವರ್ ಇಳಿಯುವಂತೆ, ಆ ಸ್ಕ್ರೂಗಳ ಬಿಳಿ ಪ್ಲಾಸ್ಟಿಕ್ಕಿನ ಹಲ್ಲುಚಕ್ರಗಳಿರುತ್ತವೆ. ಒಂದು ಬೆಳಕನ್ನು ಮೇಲೆ ಕೆಳಗೆ ಮಾಡುತ್ತದೆ, ಇನ್ನೊಂದು ಎಡಬಲ. ಯಾವುದು ಯಾವುದೆಂದು ತಿಳಿಯಲು ಕಾಲು ಸುತ್ತು ತಿರುಗಿಸಿ ಗೋಡೆ ನೋಡಿದರಾಯಿತು. ನನ್ನದರ ಸುತ್ತ ನಮ್ಮ ಊರಿನ ಕಪ್ಪು ಮಣ್ಣಿನ ಧೂಳು ಗಟ್ಟಿಯಾಗಿತ್ತು. ಬ್ರಷ್ಷಿನಿಂದ ಉದುರಿಸಿ, ಸಿಲಿಕೋನ್ ಸ್ಪ್ರೇ ಹೊಡೆದು, ಸ್ವಲ್ಪ ಹೊತ್ತು ಬಿಟ್ಟು ತಿರುಗಿಸಿದೆ. ಜೋರು ಮಾಡಿದರೆ ಒಳಗಿನ ಪ್ಲಾಸ್ಟಿಕ್ ಕೊಂಡಿ ಮುರಿದು ಇಡೀ ದೀಪವೇ ಬದಲಾಗಬೇಕಾದೀತು. ಬೆಳಕನ್ನು ಗುರುತಿಗಿಂತ ಸ್ವಲ್ಪ ಕೆಳಕ್ಕೆ ಇಳಿಸಿ ಮತ್ತೆ ಮೇಲಕ್ಕೆ ತಂದು ನಿಲ್ಲಿಸುವುದು ಒಳ್ಳೆಯದು. ಹಲ್ಲುಗಳ ನಡುವಿನ ಸಡಿಲು ಹಾಗೆ ಬಿಗಿಯಾಗುತ್ತದೆ. ಬಲದ್ದು ಇಳಿಯಿತು, ಎಡದ್ದನ್ನು ಒಂದು ಬೆರಳು ಏರಿಸಿದೆ. ಹೈ ಬೀಮ್‌ಗೆ ಬೇರೆ ಕೆಲಸ ಬೇಕಾಗಲಿಲ್ಲ. ಹೆಚ್-4ರಲ್ಲಿ ಎರಡಕ್ಕೂ ಒಂದೇ ಪ್ರತಿಫಲಕ.

ಕಾನೂನಿನ ಅಳತೆಯೂ ಒಂದಿದೆ. 1989ರ ಕೇಂದ್ರ ಮೋಟಾರು ವಾಹನ ನಿಯಮಗಳ 106ನೆಯ ನಿಯಮದ ಪ್ರಕಾರ ದೀಪದ ಮುಂದೆ 8 ಮೀಟರ್ ದೂರದಲ್ಲಿ, ಬಲಕ್ಕೆ ಅರ್ಧ ಮೀಟರ್ ಸರಿದು, ನೆಲದಿಂದ 1.5 ಮೀಟರ್ ಎತ್ತರದಲ್ಲಿರುವ ಕಣ್ಣು ಕುಕ್ಕಬಾರದು. ಮನೆಯ ಮುಂದಿನ ರಸ್ತೆಯಲ್ಲಿ ನಿಂತು ನೋಡಿದೆ, ಕುಕ್ಕಲಿಲ್ಲ. ಆದರೆ ಈ ಪರೀಕ್ಷೆ ಬೆಳಕು ಚೆಲ್ಲುವುದನ್ನು ಹಿಡಿಯುತ್ತದೆ, ದಿಕ್ಕು ತಪ್ಪಿದ್ದನ್ನು ಅಷ್ಟಾಗಿ ಹಿಡಿಯುವುದಿಲ್ಲ. ಶೇಕಡಾ ಒಂದರಷ್ಟು ಮೇಲೆದ್ದ ಗೆರೆಯೂ 8 ಮೀಟರಿನಲ್ಲಿ 74 ಸೆಂಟಿಮೀಟರ್ ಎತ್ತರದಲ್ಲಷ್ಟೇ ಇರುತ್ತದೆ. ಗೋಡೆಯೇ ಕಟ್ಟುನಿಟ್ಟಿನ ಪರೀಕ್ಷಕ.

ಈಗ ಜೇವರ್ಗಿ ರಸ್ತೆಯಲ್ಲಿ ನನಗೆ ಡಿಪ್ಪರ್ ಹೊಡೆಯುವವರಿಲ್ಲ. ಎಡಬದಿಯ ಟ್ರೇಲರು ಮೊದಲಿಗಿಂತ ಮುಂಚೆಯೇ ಕಾಣುತ್ತದೆ. ಬಲ್ಬ್ ಹಳೆಯದೇ. ಹಿಂದಿನ ಸೀಟು ತುಂಬ ಜನ ಕೂತು ಗಾಣಗಾಪುರಕ್ಕೆ ಹೊರಟಾಗ ಮಾತ್ರ ಡ್ಯಾಶ್‌ಬೋರ್ಡಿನ ಆ ಚಕ್ರವನ್ನು ಸೊನ್ನೆಯಿಂದ ಮುಂದಕ್ಕೆ ತಿರುಗಿಸುತ್ತೇನೆ. ಹಿಂಭಾಗ ತಗ್ಗಿದಷ್ಟೂ ಬೆಳಕು ಮೇಲೇಳುತ್ತದೆ. ನಮ್ಮ ಬೇಸಿಗೆಯ ಬಿಸಿಲಿಗೆ ದೀಪದ ಪ್ಲಾಸ್ಟಿಕ್ ಗಾಜು ಹಳದಿಯಾಗಿದ್ದರೆ ಮೊದಲು ಅದನ್ನು ಪಾಲಿಶ್ ಮಾಡಿಸಿಕೊಳ್ಳಿ, ಮಬ್ಬು ಗಾಜಿನ ಹಿಂದೆ ಗೆರೆ ಹುಡುಕುವುದು ಕಷ್ಟ. ತೂಕಕ್ಕೆ ತಕ್ಕಂತೆ ತಾನೇ ಏರಿಳಿಯುವ ದೀಪಗಳಿರುವ ಹೊಸ ಕಾರುಗಳನ್ನು ಮನೆಯಲ್ಲಿ ಮುಟ್ಟುವುದು ಬೇಡ, ಅವುಗಳಿಗೆ ಕಂಪನಿಯ ಯಂತ್ರ ಬೇಕು.

ಗೋಡೆಯ ಗುರುತುಗಳನ್ನು ನೋಡಿ ಕಾಕಾನ ಅಳಿಯ ತನ್ನ ಪಿಕಪ್ ತಂದಿದ್ದ. ಅದರ ದೀಪ ನನ್ನ ಕಾರಿನದಕ್ಕಿಂತ ಗೇಣೆತ್ತರ, ಆದ್ದರಿಂದ ಎಲ್ಲ ಗೆರೆಗಳನ್ನೂ ಹೊಸದಾಗಿ ಎಳೆಯಬೇಕಾಯಿತು. ಮೇಲಾಗಿ ಅವನು ರಾತ್ರಿ ಓಡಿಸುವುದೆಲ್ಲ ತೊಗರಿ ಮೂಟೆ ತುಂಬಿಕೊಂಡೇ. ಖಾಲಿ ಗಾಡಿಯಲ್ಲಿ ಹೊಂದಿಸಿದರೆ ಮೂಟೆ ಬಿದ್ದ ಕೂಡಲೇ ಹಿಂದಿನ ಸ್ಪ್ರಿಂಗ್ ಪಾಟಾ ಬಗ್ಗಿ ಬೆಳಕು ಮತ್ತೆ ಮೇಲೆ. ಅದರಲ್ಲಿ ಡ್ಯಾಶ್‌ಬೋರ್ಡಿನ ಚಕ್ರವೂ ಇರಲಿಲ್ಲ. ಮಾರನೆಯ ದಿನ ಮೂಟೆ ಹೇರಿಕೊಂಡೇ ಬಾ ಎಂದೆ, ಹಾಗೆಯೇ ಬಂದ. ತುಂಬಿದ ಗಾಡಿಗೆ ಹೊಂದಿಸಿಕೊಟ್ಟೆವು. ಖಾಲಿ ಬರುವಾಗ ಬೆಳಕು ಸ್ವಲ್ಪ ಹತ್ತಿರ ಬೀಳುತ್ತದೆ, ಆಗ ನಿಧಾನವಾಗಿ ಓಡಿಸಬೇಕು ಎಂದು ಹೇಳಿ ಕಳಿಸಿದೆ.