ಕೋಚ್ ಆದ ಮೊದಲ ವರ್ಷ ಮಕ್ಕಳಿಗೆ ಸುಳ್ಳು ಹೇಳಿದೆ

ಇಪ್ಪತ್ತೇಳಕ್ಕೆ ಟೆನಿಸ್ ಟೂರ್ನಿ ಆಡುವುದು ಬಿಟ್ಟೆ. ಭುಜ ಒಂದು ಕಾರಣ, ದುಡ್ಡು ಇನ್ನೊಂದು. ನಾನು ಆಡುತ್ತಿದ್ದದ್ದು ಐಟಿಎಫ್ (ಅಂತರರಾಷ್ಟ್ರೀಯ ಟೆನಿಸ್ ಫೆಡರೇಷನ್) ನಡೆಸುತ್ತಿದ್ದ ಫ್ಯೂಚರ್ಸ್ ಟೂರ್ನಿ, ಅಂದರೆ ಪ್ರೊ ಟೆನಿಸ್‌ನ ಕೆಳಗಿನ ಮೆಟ್ಟಿಲು. ಪೇಪರಲ್ಲಿ 15,000 ಡಾಲರ್ ಟೂರ್ನಿ ಅಂತ ಬರುತ್ತದಲ್ಲ, ಅದು ಎಲ್ಲರಿಗೂ ಸೇರಿ ಹಂಚುವ ಮೊತ್ತ. ಸಿಂಗಲ್ಸ್ ಗೆದ್ದವನಿಗೇ ಎರಡು ಸಾವಿರ ಡಾಲರ್ ಚಿಲ್ಲರೆ. ಮೊದಲ ಸುತ್ತಿನಲ್ಲೇ ಸೋತರೆ ಸಿಗುವ ದುಡ್ಡು ರೈಲು, ಲಾಡ್ಜು, ರಾಕೆಟ್ಟಿಗೆ ಹೊಸ ತಂತಿ ಹಾಕಿಸುವ ಖರ್ಚಿಗೂ ಸಾಲುತ್ತಿರಲಿಲ್ಲ. ಅರ್ಹತಾ ಸುತ್ತು ದಾಟಿದ ಮೇಲಿನ ಮೇನ್ ಡ್ರಾದಲ್ಲಿ ಒಂದು ಪಂದ್ಯ ಗೆದ್ದರೆ ಒಂದು ಎಟಿಪಿ ಪಾಯಿಂಟ್, ಅಂದರೆ ವಿಶ್ವ ರ‍್ಯಾಂಕಿಂಗ್ ಲೆಕ್ಕಕ್ಕೆ ಬರುವ ಪಾಯಿಂಟ್. ಅದಕ್ಕಾಗಿ ಮೂರು ವರ್ಷ ಅಲೆದಿದ್ದೇನೆ.

ಆಡೋಕೆ ಬಂದವನಿಗೆ ಕಲಿಸೋಕೂ ಬರುತ್ತೆ ಅಂದುಕೊಂಡೇ ಕೋಚಿಂಗಿಗೆ ಇಳಿದೆ. ಮೊದಲ ದಿನ ಏಳೆಂಟು ವರ್ಷದ ಮಕ್ಕಳು. ನಾನು ಬೇಸ್‌ಲೈನಿನಲ್ಲಿ, ಅಂದರೆ ಕೋರ್ಟಿನ ಹಿಂದಿನ ಗೆರೆಯಲ್ಲಿ ನಿಂತು, ಬುಟ್ಟಿಯಿಂದ ಮಾಮೂಲಿ ಹಳದಿ ಚೆಂಡು ತೆಗೆದು ತೆಗೆದು ರಾಕೆಟ್ಟಿನಲ್ಲೇ ಹೊಡೆದು ಕೊಡುತ್ತಿದ್ದೆ, ಅದು ಪುಟಿದು ಅವರ ತಲೆ ಮೇಲೆ ಹೋಗುತ್ತಿತ್ತು. ಪಕ್ಕದ ಕೋರ್ಟಿನ ಹಿರಿಯ ಕೋಚ್ ಬಂದು, "ಮಕ್ಕಳ ಮೇಲೆ ಮ್ಯಾಚ್ ಆಡ್ತಿದ್ದೀಯೇನಪ್ಪಾ?" ಅಂದರು. ಕೆಂಪು ಚೆಂಡು ಕೊಟ್ಟರು. ಅದು ಮಾಮೂಲಿ ಚೆಂಡಿಗಿಂತ ಶೇ. 75ರಷ್ಟು ನಿಧಾನ, ಅದರಲ್ಲಿ ಆಡುವ ಪುಟ್ಟ ಕೋರ್ಟಿನ ಉದ್ದ ಬರೀ 11 ಮೀಟರ್. ನಾನು ಅದನ್ನು ಆಟದ ಸಾಮಾನು ಅಂದುಕೊಂಡಿದ್ದೆ! ಹತ್ತು ವರ್ಷದೊಳಗಿನವರ ಸ್ಪರ್ಧೆಯಲ್ಲಿ ಮಾಮೂಲಿ ಹಳದಿ ಚೆಂಡು ಬಳಸಬಾರದು ಅಂತ ಐಟಿಎಫ್ 2012ರಿಂದಲೇ ನಿಯಮ ಮಾಡಿದೆ. ಅವತ್ತಿಂದ ಚಿಕ್ಕವರಿಗೆ ನೆಟ್ ಹತ್ತಿರ ನಿಂತು ಕೈಯಿಂದಲೇ ಚೆಂಡು ಹಾಕುತ್ತೇನೆ.

ಅದಕ್ಕಿಂತ ದೊಡ್ಡ ಪೆಟ್ಟು ಬೇರೆ ಇತ್ತು. ಫೋರ್‌ಹ್ಯಾಂಡಿಗೆ "ಮಣಿಕಟ್ಟು ಬಿಗಿಯಾಗಿಡು" ಅಂತ ವರ್ಷಪೂರ್ತಿ ಕಿರುಚಿದ್ದೆ. ನನಗೂ ಹಾಗೇ ಹೇಳಿಕೊಟ್ಟಿದ್ದರು, ನಾನೂ ಹಾಗೇ ಹೊಡೀತೀನಿ ಅಂತಲೇ ನಂಬಿಕೆ. ಒಂದು ದಿನ ಹುಡುಗಿಯೊಬ್ಬಳು ನನ್ನ ಹೊಡೆತವನ್ನೇ ಫೋನಿನಲ್ಲಿ ಸ್ಲೋ ಮೋಷನ್ ಹಿಡಿದು, "ಸರ್, ನಿಮ್ಮ ಕೈ ಹಿಂದಕ್ಕೆ ಬಾಗ್ತಿದೆ" ಅಂದಳು. ನೋಡಿದರೆ ನಿಜ. ರಾಕೆಟ್ ಮುಂದಕ್ಕೆ ಬರುವಾಗ ನನ್ನ ಮಣಿಕಟ್ಟು ಆರಾಮಾಗಿ ಹಿಂದಕ್ಕೆ ಬಾಗಿಕೊಂಡೇ ಬರುತ್ತಿತ್ತು. ಅಂದರೆ ನನ್ನ ಕೈ ಮಾಡುತ್ತಿದ್ದದ್ದು ಒಂದು, ಬಾಯಿ ಹೇಳುತ್ತಿದ್ದದ್ದು ಇನ್ನೊಂದು. ನನ್ನ ಮಾತು ಕೇಳಿದ ಪಾಪದ ಮಕ್ಕಳ ಕೈ ಮಾತ್ರ ಕಟ್ಟಿಗೆ ಥರ ಆಗಿತ್ತು.

ಈಗ ಮಣಿಕಟ್ಟಿನ ಸುದ್ದಿಯೇ ಎತ್ತಲ್ಲ. ನೆಟ್‌ಗಿಂತ ಮೂರಡಿ ಮೇಲೆ ಒಂದು ಹಗ್ಗ ಕಟ್ಟುತ್ತೇನೆ. ಅದರ ಮೇಲಿಂದ ಹೋಗಬೇಕು, ಆದರೆ ಚೆಂಡು ಕೋರ್ಟ್ ಒಳಗೇ ಬೀಳಬೇಕು, ಅಷ್ಟೇ. ಸುಮಾರು ಹೊಡೆತ ಹೊರಗೆ ಹೋಗುತ್ತವೆ, ಆಮೇಲೆ ಮಕ್ಕಳು ತಾವಾಗೇ ಚೆಂಡನ್ನು ಕೆಳಗಿಂದ ಮೇಲಕ್ಕೆ ಉಜ್ಜಿ ತಿರುಗಿಸೋಕೆ ಶುರು ಮಾಡುತ್ತಾರೆ, ಹಾಗೆ ತಿರುಗುವ ಚೆಂಡು ಹಗ್ಗ ದಾಟಿದರೂ ಬೇಗ ಕೆಳಗಿಳಿಯುತ್ತದೆ. ನಾನು ಸುಮ್ನೆ ನಿಂತಿರಬೇಕು, ಅದೇ ಕಷ್ಟ.

ಅಪ್ಪ ಅಮ್ಮಂದಿರಿಗೆ ಕಲಿಸೋದು ಇನ್ನೂ ಬಂದಿಲ್ಲ. ಮೊನ್ನೆ ಒಬ್ಬರು ಜಾಲರಿ ಆಚೆಯಿಂದ, "ಸರ್, ನಮ್ಮವನು ಬೋಪಣ್ಣ ಥರ ಆಗ್ತಾನಾ?" ಅಂದರು. ಕೊಡಗಿನ ಬೋಪಣ್ಣ 2024ರಲ್ಲಿ ಆಸ್ಟ್ರೇಲಿಯನ್ ಓಪನ್ ಡಬಲ್ಸ್ ಗೆದ್ದಾಗ ಅವರಿಗೆ 43, ನಿಮ್ಮ ಹುಡುಗನಿಗೆ ಎಂಟು, ಏನವಸರ ಅಂದೆ.

"ಅಲ್ಲೀವರೆಗೂ ಫೀಸು ಕಟ್ಬೇಕಾ ಸರ್?"