ಬೆಂಟ್ಲಿಯ ಜೀವನವನ್ನು ಕನ್ನಡದಲ್ಲಿ ಬರೆದಾಗ

ಗ್ರೀಕ್ ಮತ್ತು ಲ್ಯಾಟಿನ್ ಸಾಹಿತ್ಯದ ಇಂಗ್ಲಿಷ್ ವಿದ್ವಾಂಸ ರಿಚರ್ಡ್ ಬೆಂಟ್ಲಿಯನ್ನು (1662–1742) ಕುರಿತು ದೀರ್ಘ ಪ್ರಬಂಧವೊಂದನ್ನು ಬರೆಯಲು ತೊಡಗಿದಾಗ ನಾನು ಎರಡು ಟಿಪ್ಪಣಿ ಪುಸ್ತಕಗಳನ್ನು ಇಟ್ಟುಕೊಂಡೆ. ಒಂದು ಅವನ ಗ್ರಂಥಸಂಪಾದನೆಗೆ, ಇನ್ನೊಂದು ಅವನ ವ್ಯಾಜ್ಯಗಳಿಗೆ. ವಿದ್ವತ್ತನ್ನು ನಡತೆಯಿಂದ ಬೇರ್ಪಡಿಸಿ ತೂಗಬೇಕೆಂಬುದು ನನ್ನ ಉದ್ದೇಶವಾಗಿತ್ತು.

ಮೊದಲ ಪುಸ್ತಕ ಬೇಗ ತುಂಬಿತು. ಕ್ರಿ.ಪೂ. ಆರನೆಯ ಶತಮಾನದಲ್ಲಿ ಸಿಸಿಲಿಯ ಅಕ್ರಗಾಸನ್ನು ಆಳಿದ ಫಲಾರಿಸನವೆಂದು ಹಲವರು ನಂಬಿದ್ದ ಪತ್ರಗಳು ಎಷ್ಟೋ ಕಾಲದ ಮೇಲೆ ಬೇರೆ ಯಾರೋ ಬರೆದವು ಎಂದು ಬೆಂಟ್ಲಿ 1699ರ ತನ್ನ ಪ್ರಬಂಧದಲ್ಲಿ ವಿಸ್ತಾರವಾಗಿ ತೋರಿಸಿದ. ಅವನ ವಾದವನ್ನು ಹೊಗಳುವ ಮೊದಲು ನಾನೇ ಪರೀಕ್ಷಿಸಬೇಕೆಂದು ಕಾಗದದ ಮೇಲೆ ಕಾಲರೇಖೆ ಎಳೆದು, ಅವನ ಒಂದೊಂದು ಸಾಕ್ಷ್ಯವನ್ನೂ ಅದರ ಮೇಲೆ ಗುರುತಿಸುತ್ತ ಹೋದೆ. ಪತ್ರಗಳು ಹೆಸರಿಸುವ ಕೆಲವು ಊರುಗಳು ದೊರೆ ಸತ್ತು ಬಹಳ ಕಾಲವಾದ ಮೇಲೆ ಹುಟ್ಟಿದವು. ಡೋರಿಯನ್ ಉಪಭಾಷೆಯ ನಾಡಿನವನು ಅಥೆನ್ಸಿನ ಆಟಿಕ್ ಉಪಭಾಷೆಯಲ್ಲಿ ಬರೆಯುತ್ತಾನೆ. ಹಣದ ಲೆಕ್ಕವೂ ಸಿಸಿಲಿಯದಲ್ಲ.

ಹೋಮರನ ಛಂದಸ್ಸಿನ ವಿಷಯವನ್ನು ಕನ್ನಡದಲ್ಲಿ ಹೇಳುವುದು ಕಷ್ಟವಾಯಿತು. ಸ್ವರದ ಮುಂದೆ ಸ್ವರ ಬಂದು ಛಂದಸ್ಸು ಕೆಡಬೇಕಾದ ಎಷ್ಟೋ ಕಡೆ ಅದು ಕೆಡದಿರುವುದನ್ನು ಕಂಡ ಬೆಂಟ್ಲಿ, ಲಿಖಿತ ಪಾಠದಲ್ಲಿ ಎಲ್ಲಿಯೂ ಉಳಿಯದ ‘ವ’ಕಾರದಂಥ ಡಿಗಮ್ಮ ಎಂಬ ಧ್ವನಿ ಅಲ್ಲಿ ಒಮ್ಮೆ ಇದ್ದಿರಬೇಕೆಂದು ತರ್ಕಿಸಿದ. ಹಳಗನ್ನಡದ ೞಕಾರ ‘ಳ’ದಲ್ಲಿ ಕರಗಿದುದನ್ನು ಬಲ್ಲ ಓದುಗರಿಗೆ ಆ ಹೋಲಿಕೆಯೇ ಸಾಕೆಂದು ತೋರಿ ಅದನ್ನೇ ಬಳಸಿದೆ.

ಎರಡನೆಯ ಪುಸ್ತಕ ನನ್ನನ್ನು ದಣಿಸಿತು. 1700ರಲ್ಲಿ ಕೇಂಬ್ರಿಜ್‌ನ ಟ್ರಿನಿಟಿ ಕಾಲೇಜಿನ ಮುಖ್ಯಸ್ಥನಾದ ಬೆಂಟ್ಲಿ ಅಲ್ಲಿ ಖಗೋಳ ವೀಕ್ಷಣಾಲಯವನ್ನೂ ರಸಾಯನ ಪ್ರಯೋಗಾಲಯವನ್ನೂ ಬೆಳೆಸಿದನಾದರೂ, ತನ್ನ ನಿವಾಸಕ್ಕಾಗಿ ಕಾಲೇಜಿನ ಹಣವನ್ನು ಧಾರಾಳವಾಗಿ ಖರ್ಚು ಮಾಡಿ, ಫೆಲೋಗಳೆಂಬ ಅಲ್ಲಿನ ಸದಸ್ಯ ವಿದ್ವಾಂಸರೊಂದಿಗೆ ದಶಕಗಳ ಕಾಲ ಹೋರಾಡಿದ. ಅವರ ದೂರಿನ ಮೇಲೆ ನಡೆದ 1714ರ ವಿಚಾರಣೆಯ ತೀರ್ಪು ಹೊರಬೀಳುವ ಮೊದಲೇ ನ್ಯಾಯ ಹೇಳಬೇಕಿದ್ದ ಈಲಿಯ ಬಿಷಪ್ ತೀರಿಕೊಂಡ. 1718ರಲ್ಲಿ ವಿಶ್ವವಿದ್ಯಾಲಯ ಕಸಿದುಕೊಂಡ ಪದವಿಗಳು 1724ರಲ್ಲಿ ಮರಳಿದವು. 1734ರಲ್ಲಿ ಪದಚ್ಯುತಿಯ ಆದೇಶವೇ ಬಂದರೂ ಅದನ್ನು ಜಾರಿ ಮಾಡಬೇಕಿದ್ದ ಉಪಮುಖ್ಯಸ್ಥ ವಾಕರ್ ಒಪ್ಪಲಿಲ್ಲ. ಬೆಂಟ್ಲಿ ಸಾಯುವವರೆಗೂ ಅದೇ ನಿವಾಸದಲ್ಲಿ ಉಳಿದ. ಫೆಲೋಗಳ ದೂರುಗಳಲ್ಲಿ ಬಹಳಷ್ಟು ನ್ಯಾಯವಿತ್ತು ಎಂದು ನಾನು ನಂಬುತ್ತೇನೆ.

ರೋಮನ್ ಕವಿ ಹೊರೇಸನ ಕೃತಿಗಳ 1711ರ ಸಂಪುಟದಲ್ಲಿ ಬೆಂಟ್ಲಿ 700ಕ್ಕೂ ಹೆಚ್ಚು ಕಡೆ ಪಾಠವನ್ನು ತಿದ್ದಿದ್ದಾನೆ. ಮೂರನೆಯ ಪುಸ್ತಕದ 27ನೆಯ ಓಡ್‌ನ (ಭಾವಗೀತೆಯ) ಟಿಪ್ಪಣಿಯಲ್ಲಿರುವ, ವಿವೇಕವೂ ವಿಷಯದ ಸ್ವರೂಪವೂ ತನಗೆ ನೂರು ಹಸ್ತಪ್ರತಿಗಳಿಗಿಂತ ಮೇಲು ಎಂಬ ಮಾತು ಬಹಳ ಪ್ರಸಿದ್ಧವಾದುದು. ಅದನ್ನೇ ಹಿಡಿದು, ಕಾಲೇಜನ್ನು ಆಳಿದಂತೆಯೇ ಕವಿಯನ್ನೂ ಆಳಿದವನು ಎಂದು ಒಂದು ಅಧ್ಯಾಯವನ್ನೇ ಬರೆದುಬಿಟ್ಟಿದ್ದೆ. ಎರಡು ಟಿಪ್ಪಣಿ ಪುಸ್ತಕಗಳೂ ಕೊನೆಗೆ ಒಂದೇ ಆದವೆಂಬ ಸಮಾಧಾನವೂ ನನಗಿತ್ತು. ಆದರೆ ಕರಡನ್ನು ತಿದ್ದುವಾಗ ಮೂಲ ಟಿಪ್ಪಣಿಯನ್ನು ಪೂರ್ತಿ ಓದಿದೆ. ವಾಕ್ಯ ಅಲ್ಲಿಗೆ ನಿಲ್ಲುವುದಿಲ್ಲ. ಹಳೆಯ ವ್ಯಾಟಿಕನ್ ಪ್ರತಿಯ ಬೆಂಬಲವೂ ಸೇರಿರುವಾಗ ವಿಶೇಷವಾಗಿ, ಎಂದು ಮುಂದುವರಿಯುತ್ತದೆ. ನಾನು ಕೇಳಿಬಂದ ಅರ್ಧ ವಾಕ್ಯದಿಂದ ಒಬ್ಬ ಮನುಷ್ಯನ ಸ್ವಭಾವವನ್ನು ನಿರ್ಣಯಿಸಿದ್ದೆ.

ಅಧ್ಯಾಯವನ್ನು ಹೊಸದಾಗಿ ಬರೆದೆ. ದರ್ಪದ ಆರೋಪವನ್ನು ಕೈಬಿಡಲಿಲ್ಲ, ಅದರ ಸಾಕ್ಷ್ಯವನ್ನು ಬದಲಿಸಿದೆ. 1732ರಲ್ಲಿ ಮಿಲ್ಟನ್‌ನ ‘ಪ್ಯಾರಡೈಸ್ ಲಾಸ್ಟ್’ ಸಂಪಾದಿಸಿದ ಬೆಂಟ್ಲಿ, ಕುರುಡನಾದ ಕವಿಯ ಕಾವ್ಯದಲ್ಲಿ ಯಾರೋ ಗೆಳೆಯನೊಬ್ಬ ಕೈಯಾಡಿಸಿದ್ದಾನೆಂದು ಊಹಿಸಿ, ಮಿಲ್ಟನ್‌ನ ‘ಕಣ್ಣಿಗೆ ಕಾಣುವ ಕತ್ತಲೆ’ ಎಂಬ ಮಾತನ್ನು ‘ಪಾರದರ್ಶಕ ಮಬ್ಬು’ ಎಂದು ತಿದ್ದಿದ. ಆದಮ್ ಮತ್ತು ಈವ್ ಒಂಟಿ ದಾರಿ ಹಿಡಿಯುವ ಕೊನೆಯ ಸಾಲುಗಳಿಗೆ ಸ್ವರ್ಗದ ಸಾಂತ್ವನವನ್ನು ಸೇರಿಸಿದ. ಆ ಗೆಳೆಯನಿದ್ದನೆಂಬುದಕ್ಕೆ ಅವನ ಊಹೆಯ ಹೊರತು ಆಧಾರವಿಲ್ಲ. ಹೊರೇಸನ ಟಿಪ್ಪಣಿಯನ್ನು ಪೂರ್ಣವಾಗಿ ಕೊಟ್ಟು, ಅದರ ಮುಂದಿನ ಪುಟದಲ್ಲಿ ಮಿಲ್ಟನ್‌ನ ಸಾಲುಗಳನ್ನೂ ಬೆಂಟ್ಲಿಯ ಸಾಲುಗಳನ್ನೂ ಅಕ್ಕಪಕ್ಕದಲ್ಲಿ ಇಟ್ಟು ಪ್ರಬಂಧವನ್ನು ಅಚ್ಚಿಗೆ ಕಳುಹಿಸಿದೆ.